ಸಾಂತೆಲ್ಮದ ನೀಲಿ

ಕೋಟಿನ ಗುಂಡಿ ಕಾಜಕ್ಕೆ ಸರಿಯಾಗಿ ಬಿದ್ದಾಗ ರೋಸ್ಮೇರಿ ಎರಡು ಹೆಜ್ಜೆ ಹಿಂದೆ ಸರಿದು, "ನೋಡಿ, ಕೊನೆಗೂ ಮುಟ್ಟಿತು," ಎಂದಳು.

ಹೇಳಿದ್ದು ಗಂಡ ಹಿಲರಿಗೆ. ಹಿಲರಿಯಾದರೋ ಮೂಗಿಗೆ ಹತ್ತಿ ಇಟ್ಟುಕೊಂಡು, ಎದೆಯ ಮೇಲೆ ಕೈ ಜೋಡಿಸಿಕೊಂಡು ಚಾವಡಿಯ ನಡುವೆ ಶವಪೆಟ್ಟಿಗೆಯಲ್ಲಿ ಮಲಗಿದ್ದ. ಮೈಮೇಲಿದ್ದದ್ದು ಮದುವೆಯ ಕೋಟು. ಮದುವೆಗೆ ಹಾಕಿದ ಕೋಟನ್ನೇ ಮಣ್ಣಿಗೆ ಹೋಗುವಾಗಲೂ ಹಾಕಿಸುವುದು ಅವರ ಮನೆಯ ವಾಡಿಕೆ. ಪ್ರತಿ ಕ್ರಿಸ್ಮಸ್ಸಿಗೂ ಹಿಲರಿ ಅದನ್ನು ಕಪಾಟಿನಿಂದ ತೆಗೆದು, ಉಸಿರು ಬಿಗಿಹಿಡಿದು ಗುಂಡಿ ಹಾಕಲು ನೋಡಿ, ಆಗದೆ, "ಮುಂದಿನ ವರ್ಷ ನೋಡುವ" ಎಂದು ತಿರುಗಿ ಇಡುತ್ತಿದ್ದ. ನಲವತ್ತು ಮುಂದಿನ ವರ್ಷಗಳು ಹಾಗೇ ಹೋದವು. ಎಂಟು ತಿಂಗಳ ಕಾಯಿಲೆ ಆ ಹೊಟ್ಟೆಯನ್ನು ಎಲ್ಲಿಗೆ ಕೊಂಡುಹೋಯಿತೋ, ಈಗ ಗುಂಡಿ ಹಾಕಿದ ಮೇಲೂ ಒಳಗೆ ಒಂದು ಹಿಡಿ ಜಾಗ ಉಳಿದಿತ್ತು. ಆ ಜಾಗವನ್ನು ರೋಸ್ಮೇರಿಗೆ ನೋಡಲಾಗಲಿಲ್ಲ.

"ಮಮ್ಮಿ, ಸಾಕು. ಇನ್ನು ಸ್ವಲ್ಪ ಕೂತ್ಕೊ," ಎಂದಳು ಮಗಳು ರೆಶ್ಮಾ. ಮಂಗಳೂರಿನಲ್ಲಿ ಟೀಚರು, ನಿನ್ನೆ ಸಂಜೆಯೇ ಬಂದಿದ್ದಳು. ಆಸ್ಪತ್ರೆಯಿಂದ ಮನೆಗೆ ಬಂದಾಗಿನಿಂದ ತಾಯಿ ಒಂದು ಹನಿ ಕಣ್ಣೀರು ಹಾಕಿಲ್ಲವೆನ್ನುವುದು ಅವಳ ಚಿಂತೆ.

"ಕೂತ್ಕೊಳ್ಳುವುದು ಹೇಗೆ? ಜೆರ್ಸಿ ಇನ್ನೂ ಬರ್ಲಿಲ್ಲ. ಮೂರು ಗಂಟೆಗೆ ಇಗರ್ಜಿಗೆ ಹೊರಡಬೇಕು. ಇಲ್ಯಾಸ್ ಎಲ್ಲಿ ಸತ್ತ?"

ಸಾವಿನ ಮನೆಯಲ್ಲಿ ಬಾಯಿಂದ ಬಂದ ಮಾತಿಗೆ ತಾನೇ ನಾಲಗೆ ಕಚ್ಚಿಕೊಂಡಳು.

ಜೆರ್ಸಿ ಹಿಲರಿ ಕೇಳಿದ್ದ ಒಂದೇ ವಸ್ತು. "ಕೋಟಿನ ಒಳಗೆ ನಮ್ಮ ಸಾಂತೆಲ್ಮ ಕ್ಲಬ್ಬಿನ ಜೆರ್ಸಿ ಇಡು. ಹತ್ತಿಯದೇ ಆಗ್ಬೇಕು. ಈಗಿನ ಪ್ಲಾಸ್ಟಿಕ್ಕಿನ ಹಾಗಿರುವುದು ಬೇಡ ಮಾರಾಯ್ತಿ, ಬೆವರ್ತದೆ," ಎಂದಿದ್ದ. ಎಲ್ಲಿಗೆ ಹೋಗುತ್ತಿದ್ದೇನೆಂದು ತಿಳಿದೂ ಬೆವರಿನ ಚಿಂತೆ! ಕ್ಲಬ್ಬಿನ ಗೋಡೆಯ ಮೇಲೆ ಗಾಜಿನೊಳಗಿದ್ದ ಹತ್ತಿಯ ಹಳೆಯ ಜೆರ್ಸಿಯನ್ನು ಹದಿನೈದು ವರ್ಷದ ಹಿಂದೆಯೇ ಒರಲೆ ತಿಂದು ಮುಗಿಸಿತ್ತು. ಕ್ಲಬ್ಬಿನ ಕಾರ್ಯದರ್ಶಿ ಇಲ್ಯಾಸ್, ಕಾರಡ್ಕದಲ್ಲಿ ಮೆಡಿಕಲ್ ಅಂಗಡಿ ಇಟ್ಟವನು, ಬೆಳಿಗ್ಗೆ ಬಂದು ಹಿಲರಿಯ ಕಾಲು ಮುಟ್ಟಿ, "ಹತ್ತಿಯದು ಒಂದು ನನ್ನ ಹತ್ರ ಉಂಟು ಬಾಯಮ್ಮ, ತರ್ತೇನೆ," ಎಂದು ತಲೆತಗ್ಗಿಸಿಕೊಂಡು ಹೋದವನು ಮಧ್ಯಾಹ್ನವಾದರೂ ಪತ್ತೆಯಿರಲಿಲ್ಲ.

ಅಂಗಳದ ಶಾಮಿಯಾನದ ಕೆಳಗೆ ಕ್ಲಬ್ಬಿನವರು ಕೂತಿದ್ದರು. ಎಲ್ಲರ ಮೈಮೇಲೂ ತಿಳಿನೀಲಿ ಜೆರ್ಸಿ. ನಡುವೆ ಅಲಿ, ಒಂದು ಕಾಲದ ಗೋಲ್‌ಕೀಪರು, ಈಗ ಎರಡೂ ಮಂಡಿ ನೋವಿನ ಮುದುಕ. ಹಿಲರಿಯ ಮೊದಲ ಗೆಳೆಯ. ಅವನು ಕುರ್ಚಿಯ ತುದಿಯಲ್ಲಿ ಕೂತು ಸಾಂತೆಲ್ಮದ ಚರಿತ್ರೆ ಹೇಳುತ್ತಿದ್ದ. ಸತ್ತವನ ಗುಣಗಾನ ಮಾಡಬೇಕಾದ ಹೊತ್ತಿನಲ್ಲಿ ಇವರು ಸ್ಪೇನಿನ ಒಂದು ಸಣ್ಣ ಕ್ಲಬ್ಬಿನ ಕತೆ ಹೇಳುತ್ತಿದ್ದರು. ಅವರಿಗೆ ಎರಡೂ ಒಂದೇ.

"ಮೊದಲಿನ ಆಟದಲ್ಲೇ ಹದಿನಾಲ್ಕು ಸೊನ್ನೆ ಸೋತದ್ದು," ಎಂದ ಅಲಿ.

"ಹದಿಮೂರು ಅಲಿಚ್ಚ," ಎಂದ ಒಬ್ಬ.

"ಹದಿನಾಲ್ಕು. ಹದಿನಾಲ್ಕನೆಯದು ನಮ್ಮವನೇ ನಮ್ಮ ಗೋಲಿಗೆ ಹೊಡೆದದ್ದು. ಹಿಲರಿ ಪೊರ್ಬು ಯಾವಾಗ್ಲೂ ಅದನ್ನು ಕಡೆಗೆ ಹೇಳ್ತಿದ್ದದ್ದು, ನಿಂಗೆ ನೆನಪಿಲ್ಲ."

ನೂರು ವರ್ಷದ ಹಿಂದೆ, ಕಾಣದ ದೇಶದಲ್ಲಿ, ಯಾರೋ ತಿಂದ ಗೋಲಿಗೆ ಅಲಿ 'ನಮ್ಮ' ಎನ್ನುತ್ತಿದ್ದ. ಹಿಲರಿ ಅವರಿಗೆ ಹಾಗೇ ಕಲಿಸಿದ್ದ.

*

ಹಿಲರಿ ಪ್ರಾಯದಲ್ಲಿ ಸರಕಿನ ಹಡಗಿನಲ್ಲಿ ಕೆಲಸಕ್ಕಿದ್ದ. ಸಾವಿರದ ಒಂಬೈನೂರ ಎಂಬತ್ತನಾಲ್ಕರಲ್ಲಿ ಅವನ ಹಡಗು ಸ್ಪೇನಿನ ಉತ್ತರದ ಒಂದು ಮೀನುಗಾರರ ಬಂದರಿನಲ್ಲಿ ನಿಂತದ್ದು ನಿಂತೇ ಬಿಟ್ಟಿತು. ಹಡಗಿನ ಯಜಮಾನ ತಲೆತಪ್ಪಿಸಿಕೊಂಡಿದ್ದ. ಒಂಬತ್ತು ತಿಂಗಳು ಹಡಗಿನವರನ್ನು ಸಾಕಿದ್ದು ಆ ಊರಿನವರು. ದಿನಕ್ಕೊಂದು ಮನೆಯಿಂದ ರೊಟ್ಟಿ, ದಿನಕ್ಕೊಂದು ದೋಣಿಯಿಂದ ಮೀನು. ಊರಿಗೊಂದು ಫುಟ್ಬಾಲ್ ಕ್ಲಬ್ಬಿತ್ತು, ನಾವಿಕರನ್ನು ಕಾಯುವ ಸಂತನ ಹೆಸರಿನದ್ದು, ಸಾನ್ ತೆಲ್ಮೊ. ಮೈದಾನ ನೋಡಿಕೊಳ್ಳುತ್ತಿದ್ದ ಮುದುಕ ಬಿದ್ದು ಕಾಲು ಮುರಿದುಕೊಂಡಾಗ, ಭಾನುವಾರದ ಆಟಕ್ಕೆ ಸುಣ್ಣದ ಗೆರೆ ಎಳೆಯುವ ಕೆಲಸ ಹಿಲರಿಯ ಪಾಲಿಗೆ ಬಂತು. ಗೆರೆ ನೆಟ್ಟಗೆ ಎಳೆಯುವುದನ್ನು ಅವನು ಕಲಿತದ್ದು ಅಲ್ಲಿ. ಕ್ಲಬ್ಬಿನ ಚರಿತ್ರೆ ಕಲಿತದ್ದೂ ಅಲ್ಲೇ, ಆ ಮುದುಕನ ಮಂಚದ ಪಕ್ಕ ಕೂತು.

ಮೀನು ಡಬ್ಬಿಗೆ ತುಂಬಿಸುವ ಕಾರ್ಖಾನೆಯ ಕೆಲಸದವರು ಕಟ್ಟಿದ ಕ್ಲಬ್ಬು. ಜೆರ್ಸಿಗೆ ಬಟ್ಟೆಯಿಲ್ಲದೆ ಹರಿದ ಹಾಯಿಗಳನ್ನು ಕತ್ತರಿಸಿ ಹೊಲಿದುಕೊಂಡರು. ಗೋಲ್‌ಕೀಪರ್ ಬೇಕರಿಯವನು, ತಲೆಗೂದಲಿನಲ್ಲಿ ಹಿಟ್ಟು ಇಟ್ಟುಕೊಂಡೇ ಆಟಕ್ಕೆ ಬರುತ್ತಿದ್ದ. ಒಂದು ಚಳಿಗಾಲದಲ್ಲಿ ಸಮುದ್ರ ಉಕ್ಕಿ ಗೋಲುಕಂಬವನ್ನೇ ಕೊಂಡುಹೋಯಿತು. ನಾಲ್ಕನೆಯ ದಿನ ಪಕ್ಕದೂರಿನ ಮೀನುಗಾರರು ಅದನ್ನು ದೋಣಿಗೆ ಕಟ್ಟಿ ಎಳೆದು ತಂದು ಕೊಟ್ಟರು, ಮುಂದಿನ ಭಾನುವಾರ ಅದೇ ಪಕ್ಕದೂರು ಬಂದು ಆ ಕಂಬಗಳ ನಡುವೆ ಐದು ಗೋಲು ಹೊಡೆದು ಹೋಯಿತು. ನೂರು ವರ್ಷದಲ್ಲಿ ಒಂದೇ ಒಂದು ಸಲ ಮೇಲಿನ ದರ್ಜೆಗೆ ಹತ್ತಿ, ಒಂದೇ ವರ್ಷದಲ್ಲಿ ಇಳಿದ ಕ್ಲಬ್ಬು ಅದು. ಹಿಲರಿ ಇದನ್ನೆಲ್ಲ ಗೆದ್ದವರ ಕತೆಯ ಹಾಗೆ ಹೇಳುತ್ತಿದ್ದ.

ಹಡಗು ಬಿಡಿಸಿಕೊಂಡು ಹೊರಡುವ ದಿನ ಅವರು ಒಂದು ಜೆರ್ಸಿ ಕೊಟ್ಟರು. ಊರಿಗೆ ಬಂದವನು ಮತ್ತೆ ಹಡಗು ಹತ್ತಲಿಲ್ಲ. ಪಂಚಾಯತಿನಲ್ಲಿ ನೀರಿನ ಪಂಪು ಬಿಡುವ ಕೆಲಸ ಸಿಕ್ಕಿತು, ರೋಸ್ಮೇರಿಯ ಜೊತೆ ಮದುವೆಯಾಯಿತು.

ಮದುವೆಯಾಗಿ ಹತ್ತನೆಯ ದಿನ. ಗಂಡನ ಮನಸ್ಸು ಗೆಲ್ಲಬೇಕೆಂದು ರೋಸ್ಮೇರಿ ಅವನ ಟ್ರಂಕಿನ ಬಟ್ಟೆಗಳನ್ನೆಲ್ಲ ಹಿತ್ತಿಲಿನ ಒಗೆಯುವ ಕಲ್ಲಿಗೆ ಒಯ್ದಳು. ಅದರಲ್ಲೊಂದು ದಪ್ಪ ಹತ್ತಿಯ ಅಂಗಿ, ಉಪ್ಪುಗಾಳಿಗೆ ಹಳದಿಗಟ್ಟಿದ್ದು. ಬಿಳಿ ಬಟ್ಟೆ ಹಳದಿಯಾದರೆ ಯಾವ ಹೆಂಗಸಾದರೂ ಮಾಡುವುದನ್ನೇ ಅವಳೂ ಮಾಡಿದಳು, ಕೊನೆಯ ನೀರಿಗೆ ನೀಲಿ ಹಾಕಿದಳು. ನೀಲಿಯ ಪುಡಿಯನ್ನು ಚಿಂದಿಯಲ್ಲಿ ಕಟ್ಟಿ ಅದ್ದಿ ಅದ್ದಿ ತೆಗೆಯಬೇಕು. ಅವಸರದಲ್ಲಿ ಪೊಟ್ಟಣವನ್ನೇ ಬಾಲ್ದಿಗೆ ಸುರಿದಳು. ಗಂಟು ಕರಗದೆ ಅಂಗಿಯ ಎದೆಗೆ ಅಂಟಿ ದೊಡ್ಡ ಕಲೆಯಾಯಿತು. ಕಲೆ ಕಾಣದಿರಲಿ ಎಂದು ಇನ್ನೊಂದು ಪೊಟ್ಟಣ ಸುರಿದು ಅಂಗಿಯನ್ನು ಪೂರ್ತಿ ಮುಳುಗಿಸಿದಳು. ಹೊರಗೆ ಬಂದದ್ದು ಏಪ್ರಿಲ್ ತಿಂಗಳ ಆಕಾಶದ ಬಣ್ಣ.

ಹಗ್ಗದ ಮೇಲೆ ಹಾಕಿ, ಹೆದರಿ, ಕೈಗಳನ್ನು ಸೆರಗಿಗೆ ಒರೆಸುತ್ತ ನಿಂತಿದ್ದಾಗ ಹಿಲರಿ ಬಂದ. ಅಂಗಿಯನ್ನು ನೋಡಿದ. ಅವಳ ನೀಲಿ ಕೈಗಳನ್ನು ನೋಡಿದ. ತುಸು ಹೊತ್ತು ಏನೂ ಹೇಳಲಿಲ್ಲ.

"ಹಾಳಾಯ್ತಾ?" ಎಂದಳು ರೋಸ್ಮೇರಿ.

"ಹಾಳಾ? ಎಂತ ಹೇಳ್ತಿ ನೀನು! ಇದರ ನಿಜ ಬಣ್ಣವೇ ಇದು. ಮಾಸಿ ಮಾಸಿ ಬಿಳಿಯಾಗಿ ಹೋಗಿತ್ತು. ನೀನು ತಿರುಗಿ ತಂದದ್ದು."

ಮರುವರ್ಷ ಊರಿನ ಪದವಿನ ಬಯಲಿನ ಮೇಲೆ ಹಿಲರಿ ಸುಣ್ಣದ ಗೆರೆ ಎಳೆದು ಹುಡುಗರ ಕ್ಲಬ್ಬು ಕಟ್ಟಿದ. ಸಾನ್ ತೆಲ್ಮೊ ಎನ್ನಲು ಯಾರ ನಾಲಗೆಯೂ ತಿರುಗದೆ ಅದು ಸಾಂತೆಲ್ಮವಾಯಿತು. ಹನ್ನೊಂದು ಬಿಳಿ ಬನಿಯನ್ನುಗಳು ರೋಸ್ಮೇರಿಯ ಬಾಲ್ದಿಗೆ ಬಂದು ನೀಲಿಯಾಗಿ ಹೋದವು. ಮುಂದೆ ಅಂಗಡಿಯ ಜೆರ್ಸಿಗಳು ಬಂದ ಮೇಲೂ, ಪ್ರತಿವರ್ಷದ ಪಂದ್ಯಾಟಕ್ಕೆ ಮುಂಚೆ ನಾಯಕನ ಒಂದು ಬನಿಯನ್ನನ್ನಾದರೂ ಅವಳ ಕೈಯಿಂದಲೇ ನೀಲಿಗೆ ಅದ್ದಿಸಿಕೊಳ್ಳುವುದು ಕ್ಲಬ್ಬಿನ ಪದ್ಧತಿಯಾಯಿತು. "ಸ್ಪೇನಿನವರ ಬಣ್ಣ ಉಳಿಸಿದ್ದು ಬಾಯಮ್ಮ" ಎಂದು ಹುಡುಗರು ಹೇಳುವಾಗ ರೋಸ್ಮೇರಿ ಸೆರಗಿನಿಂದ ಮುಖ ಒರೆಸಿಕೊಳ್ಳುತ್ತಿದ್ದಳು. ಹೆಮ್ಮೆ ಕಾಣಬಾರದಲ್ಲ. ನಾಲ್ಕು ಜನರೆದುರು ತನ್ನದೆಂದು ಹೇಳಿಕೊಳ್ಳಲು ಅವಳಿಗೆ ಇದ್ದದ್ದು ಅದೊಂದೇ.

*

ಇಲ್ಯಾಸ್ ಬಂದಾಗ ಎರಡು ಗಂಟೆ. ಕೈಯಲ್ಲಿ ದಾರ ಸುತ್ತಿದ ಒಂದು ಕಟ್ಟು. ಚಾವಡಿಗೆ ಬರದೆ ಅಡಿಗೆಮನೆಯ ಹಿಂಬಾಗಿಲಿನಲ್ಲಿ ನಿಂತು ರೋಸ್ಮೇರಿಯನ್ನು ಕರೆದ. ರೆಶ್ಮಾ ಕೂಡ ಹಿಂದೆಯೇ ಹೋದಳು. ಮಂಡಿ ನೋವಿನ ಅಲಿಯೂ ಗೋಡೆ ಹಿಡಿದುಕೊಂಡು ಬಂದ.

"ಬಾಯಮ್ಮ, ನೀವು ನನ್ನನ್ನು ಬೈಬೇಕು. ಬೈದ ಮೇಲೆ ಮಾತಾಡ್ತೇನೆ."

"ಬೈಯ್ಲಿಕ್ಕೆ ಟೈಮಿಲ್ಲ. ಎಂತ ಆಯ್ತು?"

"ಕ್ಲಬ್ಬಿಗೆ ನಲವತ್ತು ವರ್ಷ ಅಲ್ವಾ. ಸ್ಪೇನಿನವರಿಗೆ ಒಂದು ಈಮೇಲ್ ಮಾಡು ಅಂತ ಹಿಲರಿ ಮಾಮನೇ ಹೇಳಿದ್ದು. ಮಾಡಿದೆ. ಅವರು ಪಾರ್ಸೆಲ್ ಕಳಿಸಿದ್ರು. ಬಂದು ಮೂರು ವಾರ ಆಯ್ತು."

"ಮೂರು ವಾರ?" ರೋಸ್ಮೇರಿಗೆ ನಂಬಲಾಗಲಿಲ್ಲ. "ಆಸ್ಪತ್ರೆಗೆ ನೀನು ಬಂದಾಗೆಲ್ಲ ಅವರು ಕೇಳ್ತಿದ್ರಲ್ಲ, ಸ್ಪೇನಿನಿಂದ ಎಂತಾದ್ರೂ ಬಂತಾ ಅಂತ. ನೀನು ಇಲ್ಲ ಅಂದೆ!"

"ಅಂದೆ." ಇಲ್ಯಾಸ್ ಕಟ್ಟಿನ ಗಂಟಿಗೆ ಕೈ ಹಾಕಿದ. "ಹೇಗೆ ತೋರಿಸುವುದು ಬಾಯಮ್ಮ? ನೀವೇ ನೋಡಿ."

ದಾರ ಬಿಚ್ಚಿದ. ಒಂದು ತೆಳು ಪುಸ್ತಕ. ಅದರ ಕೆಳಗೆ ದಪ್ಪ ಹತ್ತಿಯ ಜೆರ್ಸಿ, ಹಳೆಯ ಕಾಲದ ಹೊಲಿಗೆಯದ್ದು.

ಬಿಳಿ. ಬೂದಿ, ನೀಲಿ, ಹಳದಿ ಯಾವುದರ ಸೋಂಕೂ ಇಲ್ಲದ ಹಾಲಿನಂಥ ಬಿಳಿ.

"ಪುಸ್ತಕ ನೂರು ವರ್ಷದ ಚರಿತ್ರೆಯದ್ದು. ಫೋಟೊ ನೋಡಿದೆ, ಎಲ್ಲದ್ರಲ್ಲೂ ಬಿಳಿಯೇ. ಈಮೇಲಲ್ಲೂ ಬರೆದಿದ್ದಾರೆ, ಶುರುವಿನಿಂದ ಇವತ್ತಿನವರೆಗೆ ನಮ್ಮ ಬಣ್ಣ ಬಿಳಿ, ಹಾಯಿಯ ಬಿಳಿ ಅಂತ. ಅಷ್ಟು ನೋಡಿ ಕಟ್ಟಿಟ್ಟೆ. ಸಾಯ್ಲಿಕ್ಕೆ ಬಿದ್ದ ಮನುಷ್ಯನ ಹತ್ರ ಹೋಗಿ, ಮಾಮ, ನೀವು ನಲವತ್ತು ವರ್ಷ ಹೇಳಿದ್ದು ತಪ್ಪು ಅಂತ ಹೇಳುವುದಾ? ನನ್ನಿಂದ ಆಗ್ಲಿಲ್ಲ."

ಅಲಿ ಗೋಡೆಗೆ ಒರಗಿದ. "ಹಾಯಿಯಿಂದ ಹೊಲಿದದ್ದು ಅಂತ ಅವನೇ ಹೇಳ್ತಿದ್ದ. ಬಿಳಿ ಅಲ್ಲದೆ ಹಾಯಿ ಮತ್ತೆಂತ ಬಣ್ಣ! ನಮಗೆ ಒಬ್ಬನಿಗಾದ್ರೂ ಹೊಳೀಲಿಲ್ಲ."

"ಒಬ್ಬ ಕೇಳಿದ್ದ ಅಲಿಚ್ಚ, ನಮ್ಮ ಟೀಮಿನ ಯತಿನ್," ಎಂದ ಇಲ್ಯಾಸ್. "ಮಾಮ ಕೂಡಲೇ ಹೇಳಿದ್ರು, ಆ ಊರಿನ ಹಾಯಿ ನೀಲಿ ಅಂತ."

ರೋಸ್ಮೇರಿ ಜೆರ್ಸಿಯನ್ನು ಕೈಗೆ ತೆಗೆದುಕೊಂಡಳು. ಆ ನೇಯ್ಗೆ, ಆ ದಪ್ಪ, ಬೆರಳುಗಳಿಗೆ ಗುರುತು ಸಿಕ್ಕಿತು. ಹಗ್ಗದ ಮುಂದೆ ತುಸು ಹೊತ್ತು ಸುಮ್ಮನೆ ನಿಂತಿದ್ದ ಹಿಲರಿ ಕಣ್ಣಿಗೆ ಕಟ್ಟಿದ. ಆ ತುಸು ಹೊತ್ತಿನಲ್ಲಿ ಅವನು ಏನು ಮಾಡುತ್ತಿದ್ದನೆಂದು ಈಗ ತಿಳಿಯಿತು. ಅವಳ ಮುಖ ಸುಟ್ಟಂತಾಯಿತು. ನಲವತ್ತು ವರ್ಷ ಹೆಮ್ಮೆಪಟ್ಟದ್ದು ಒಂದು ಕೆಟ್ಟ ಒಗೆತಕ್ಕೆ! ಅವನು ಅದನ್ನು ತಿಳಿದೂ ಪ್ರತಿವರ್ಷ ಹುಡುಗರನ್ನು ಬಾಲ್ದಿಯ ಹತ್ತಿರ ಸಾಲಾಗಿ ನಿಲ್ಲಿಸಿದನಲ್ಲ. ಒಳಗೊಳಗೆ ನಕ್ಕನೋ ಏನೋ. ಇನ್ನು ಕೇಳುವುದು ಯಾರನ್ನು?

"ಇವರು ನನ್ನನ್ನು ಮಂಗ ಮಾಡಿದ್ರು," ಎಂದಳು. ದನಿ ಕಲ್ಲಾಗಿತ್ತು. "ಇಡುವುದಿದ್ರೆ ಇದನ್ನೇ ಇಡಿ. ಹೋಗುವಾಗಲಾದ್ರೂ ನಿಜ ಹಾಕಿಕೊಂಡು ಹೋಗ್ಲಿ."

ಬಿಳಿ ಜೆರ್ಸಿಯನ್ನು ಇಲ್ಯಾಸನ ಎದೆಗೆ ತಳ್ಳಿ ಒಳಗೆ ಹೊರಟಳು.

"ಮಮ್ಮಿ, ನಿಲ್ಲು," ಎಂದಳು ರೆಶ್ಮಾ.

ಅವಳು ಪುಸ್ತಕ ಮಗುಚುತ್ತಿದ್ದಳು. ಒಂದು ಪುಟದಲ್ಲಿ ಸುಣ್ಣದ ಗಾಡಿ ತಳ್ಳುತ್ತಿರುವ ಕಪ್ಪು ಕೂದಲಿನ ಹಿಲರಿ, ಹಿಂದೆ ನೆಟ್ಟಗಿನ ಗೆರೆ. ಫೋಟೊದ ಕೆಳಗೆ ಅರ್ಧ ಪುಟ ಬರಹ. ರೆಶ್ಮಾ ಅದರ ಮೇಲೆ ಫೋನು ಹಿಡಿದಳು. ಸ್ಪೇನಿನ ಅಕ್ಷರಗಳು ಪರದೆಯ ಮೇಲೆ ಕುಲುಕಾಡಿ ಕನ್ನಡವಾದವು. ಅವಳು ವಾಕ್ಯ ಸರಿಮಾಡಿಕೊಂಡು ಓದಿದಳು.

"'ನಮ್ಮ ಬಳಗದ ಒಂದು ಕ್ಲಬ್ಬು ಭಾರತದಲ್ಲಿದೆ. ಅವರ ಬಣ್ಣ ನೀಲಿ. ಕಾರಣ, ಸಾವಿರದ ಒಂಬೈನೂರ ಎಂಬತ್ತಾರರಲ್ಲಿ ಹಿಲರಿ ಬರೆದ ಪತ್ರದಲ್ಲಿದೆ. ಅದನ್ನು ನಾವು ಕ್ಲಬ್ಬಿನ ಕಪಾಟಿನಲ್ಲಿ ಇಟ್ಟಿದ್ದೇವೆ. ಅವರು ಬರೆದಿದ್ದಾರೆ: ನೀವು ಕೊಟ್ಟ ಅಂಗಿಯನ್ನು ನನ್ನ ಹೆಂಡತಿ ಒಗೆದು ನೀಲಿ ಮಾಡಿದ್ದಾಳೆ. ಹೊಸ ಮನೆ, ಹೊಸ ಗಂಡ, ತುಂಬ ಹೆದರಿದ್ದಳು. ನಾನು ಅದೇ ನಿಜವಾದ ಬಣ್ಣ ಎಂದು ಹೇಳಿದ್ದೇನೆ. ಈಗ ಕ್ಲಬ್ಬು ಕಟ್ಟಿದ ಮೇಲೆ ಅದು ನಿಜವೇ ಆಗಿದೆ. ನೀಲಿ ನಿಮ್ಮ ಬಿಳಿಗಿಂತ ಚೆನ್ನಾಗಿ ಕಾಣುತ್ತದೆ, ಕ್ಷಮಿಸಿ. ದಯವಿಟ್ಟು ನೀವು ಯಾರೂ ಅವಳಿಗೆ ಹೇಳಬೇಡಿ.'"

ರೆಶ್ಮಾ ಉಸಿರು ತೆಗೆದುಕೊಂಡಳು.

"ಇನ್ನೊಂದು ವಾಕ್ಯ ಉಂಟು. 'ನಾವು ಮಾತು ಉಳಿಸಿಕೊಂಡಿದ್ದೇವೆ. ರೋಸ್ಮೇರಿಯವರಿಗೆ ಸ್ಪ್ಯಾನಿಷ್ ಬರುವುದಿಲ್ಲವಾದ್ದರಿಂದ ಇಲ್ಲಿ ಅಚ್ಚು ಮಾಡಲು ಅಡ್ಡಿಯಿಲ್ಲವೆಂದು ಭಾವಿಸುತ್ತೇವೆ.'"

ಆಮೇಲೆ ರೋಸ್ಮೇರಿಯ ಬಾಯಿಂದ ಒಂದು ಸದ್ದು ಬಂತು. ಅಳುವೆಂದುಕೊಂಡು ರೆಶ್ಮಾ ಹಿಡಿಯಲು ಹೋದಳು. ಅದು ನಗು. ಸೆರಗು ಬಾಯಿಗೆ ತುರುಕಿಕೊಂಡರೂ ನಿಲ್ಲದ ನಗು. ಚಾವಡಿಯಲ್ಲಿ ತೇರ್ಸದ ಪ್ರಾರ್ಥನೆ ಹೇಳುತ್ತಿದ್ದ ಹೆಂಗಸರು ಜಪಮಾಲೆ ನಿಲ್ಲಿಸಿ ಕಿವಿ ಕೊಟ್ಟರು. "ಇಡೀ ಸ್ಪೇನಿಗೆ ಗೊತ್ತುಂಟು!" ಎಂದಳು ರೋಸ್ಮೇರಿ. "ನನಗೊಬ್ಬಳಿಗೆ ಗೊತ್ತಿಲ್ಲ!" ಹೇಳುತ್ತಿದ್ದಂತೆಯೇ ನಗು ಎಲ್ಲಿ ಮುಗಿದು ಅಳು ಎಲ್ಲಿ ಶುರುವಾಯಿತೋ, ಅವಳು ಹಿಂಬಾಗಿಲ ಹೊರಗಿನ ಒಗೆಯುವ ಕಲ್ಲಿನ ಮೇಲೆ ಕುಸಿದು ಕೂತು, ಮಗಳ ಸೊಂಟ ಹಿಡಿದುಕೊಂಡು, ಎರಡು ದಿನದಿಂದ ಬಾರದಿದ್ದ ಕಣ್ಣೀರನ್ನೆಲ್ಲ ಅತ್ತಳು.

ಅತ್ತು ಮುಗಿದ ಮೇಲೆ ಮೂಗು ಒರೆಸಿಕೊಂಡು ಎದ್ದಳು. "ಇಲ್ಯಾಸ್, ಆ ಬಾಲ್ದಿಗೆ ನೀರು ಹಾಕು."

"ಬಾಯಮ್ಮ?"

"ಕಿಟಕಿಯಲ್ಲಿ ನೀಲಿಯ ಪೊಟ್ಟಣ ಉಂಟು. ಎರಡು ತಾ."

"ಈಗಲಾ?" ಎಂದ ಅಲಿ. "ಎರಡೂವರೆ ಆಯ್ತು ಬಾಯಮ್ಮ. ಫಾದರ್ ಬಂದಾಯ್ತು."

"ಬರ್ಲಿ. ಬಿಳಿ ಹಾಕಿ ಕಳಿಸಿದ್ರೆ ಅಲ್ಲಿ ಇವರ ಗುರುತು ಯಾರು ಹಿಡಿಯುವುದು? ಆಚೆ ಪಕ್ಷದವನು ಅಂತ ಹೊರಗೆ ನಿಲ್ಲಿಸಿದ್ರೆ?"

ಇಲ್ಯಾಸ್ ಪೊಟ್ಟಣ ತಂದ. ಜೊತೆಗೆ, ಕಟ್ಟಲಿಕ್ಕಾಗಲಿ ಎಂದು ಒಂದು ಚಿಂದಿಯನ್ನೂ ತಂದಿದ್ದ. ರೋಸ್ಮೇರಿ ಚಿಂದಿಯನ್ನು ಆಚೆ ಬಿಸಾಡಿದಳು. ಪೊಟ್ಟಣ ಹರಿದು ಪುಡಿಯನ್ನು ನೇರ ನೀರಿಗೆ ಸುರಿದಳು, ಅಂದಿನ ಹಾಗೇ. ಮೊಣಕೈವರೆಗೆ ಕೈ ಹಾಕಿ ಬಿಳಿ ಜೆರ್ಸಿಯನ್ನು ಮುಳುಗಿಸಿದಳು. ಎದೆಯ ಮೇಲೆ ಗಂಟು ಅಂಟಿ ಕಲೆಯಾಯಿತು. ಈ ಸಲ ಅದನ್ನು ಮುಚ್ಚಲು ಹೋಗಲಿಲ್ಲ.

"ನಾನು ಮಾಮನಿಗೆ ಸುಳ್ಳು ಹೇಳಿದೆ ಬಾಯಮ್ಮ," ಎಂದ ಇಲ್ಯಾಸ್, ಬಾಲ್ದಿಯನ್ನೇ ನೋಡುತ್ತ. "ಇದನ್ನು ಅವರು ನೋಡದೆ ಹೋದ್ರಲ್ಲ."

"ಅವರಿಗೆ ನೋವಾಗ್ತದೆ ಅಂತ ಹೇಳಿದ್ದಲ್ವಾ? ನೀನು ಸುಳ್ಳು ಕಲಿತದ್ದೂ ಇವರ ಹತ್ರವೇ ಮಾರಾಯ. ಇಕೊ, ಹಿಂಡು."

ಮಾರ್ಚ್ ತಿಂಗಳ ಬಿಸಿಲು ಅಂಗಳದಲ್ಲಿ ಉರಿಯುತ್ತಿತ್ತು. ಇಲ್ಯಾಸ್ ಒಂದು ಕಡೆ, ಅಲಿ ಒಂದು ಕಡೆ ಜೆರ್ಸಿಯ ತುದಿ ಹಿಡಿದು ಗಾಳಿಗೆ ಬೀಸಿದರು. ನೀಲಿ ಹನಿಗಳು ಕೆಂಪುಕಲ್ಲಿನ ಮೇಲೆ ಬಿದ್ದು ಆರಿದವು. ಗಡಿಯಾರ ನೋಡುತ್ತಿದ್ದ ಫಾದರಿಗೆ ರೆಶ್ಮಾ ಏನೋ ಹೇಳಿದಳು. ಅವರು ಬಂದು ಜೆರ್ಸಿಯನ್ನು ಮುಟ್ಟಿ ನೋಡಿ, "ಇನ್ನೊಂದು ಹತ್ತು ನಿಮಿಷ ಬೇಕು," ಎಂದು ಹೇಳಿ ನೆರಳಿಗೆ ಹೋಗಿ ಕೂತರು.

ಹತ್ತು ನಿಮಿಷಕ್ಕೂ ಪೂರ್ತಿ ಆರಲಿಲ್ಲ. ಇಗರ್ಜಿಯ ಗಂಟೆ ಬಾರಿಸುವುದು ಶುರುವಾಯಿತು. ಪೆಟ್ಟಿಗೆಯನ್ನು ಅಂಗಳಕ್ಕೆ ತಂದು, ಹೊರಡುವ ಮುಂಚಿನ ಗುಂಪಿನ ಫೋಟೊಕ್ಕೆಂದು ಎರಡು ಬೆಂಚುಗಳ ಮೇಲೆ ಇಟ್ಟರು. ಸ್ಟುಡಿಯೋದ ಸುಕುಮಾರ ಕ್ಯಾಮೆರಾ ಹಿಡಿದು, ಮನೆಯವರು ಹತ್ತಿರ ಬರಬೇಕೆಂದ. ಕ್ಲಬ್ಬಿನವರಿಗೆ ಯಾರೂ ಹೇಳಬೇಕಾಗಲಿಲ್ಲ. ಎತ್ತರದವರು ಹಿಂದೆ ಕೈಕಟ್ಟಿ ನಿಂತರು, ಉಳಿದವರು ಮುಂದೆ ಒಂದು ಮಂಡಿ ಊರಿ ಕೂತರು, ಪಂದ್ಯಾಟದ ಫೋಟೊಕ್ಕೆ ಹಿಲರಿ ಅವರನ್ನು ಹೇಗೆ ಕೂರಿಸುತ್ತಿದ್ದನೋ ಹಾಗೆ. ಅಲಿ ಹಲ್ಲು ಕಚ್ಚಿಕೊಂಡು ತನ್ನ ಕೆಟ್ಟ ಮಂಡಿಯನ್ನೂ ಊರಿದ.

ರೋಸ್ಮೇರಿ ಬಾಗಿ ಕೋಟಿನ ಗುಂಡಿ ಬಿಚ್ಚಿದಳು. ಒದ್ದೆ ಜೆರ್ಸಿಯನ್ನು ಮಡಚಿ ಬಿಳಿ ಶರ್ಟಿನ ಮೇಲೆ ಇಟ್ಟು, ಕೋಟನ್ನು ಎಳೆದು ಗುಂಡಿ ಹಾಕಲು ನೋಡಿದಳು.

"ಬಾಯಮ್ಮ, ಕೈ ಸ್ವಲ್ಪ ಸೆರಗಿನೊಳಗೆ ಮಾಡಿ. ಮೊಣಕೈವರೆಗೆ ನೀಲಿ ಉಂಟು, ಫೋಟೊದಲ್ಲಿ ಕಾಣ್ತದೆ," ಎಂದ ಸುಕುಮಾರ.

"ಕಾಣ್ಲಿ. ನೀನು ತೆಗಿ."

ಅವಳು ಇನ್ನೊಮ್ಮೆ ಎಳೆದಳು. ಜೆರ್ಸಿಯ ಮಡಿಕೆ ಹೊಟ್ಟೆಯ ಹಾಗೆ ಉಬ್ಬಿಕೊಂಡು ಕುಳಿತಿತ್ತು. ಗುಂಡಿಗೂ ಕಾಜಕ್ಕೂ ನಡುವೆ ಎರಡು ಬೆರಳು ದೂರ ಉಳಿಯಿತು, ಪ್ರತಿ ಕ್ರಿಸ್ಮಸ್ಸಿನಲ್ಲೂ ಉಳಿಯುತ್ತಿದ್ದಷ್ಟೇ.